ಕಾಲು ಮುರಿದು ಕಲಿಸಿದ ವಿದ್ಯೆ

1970ರ ದಶಕದ ನಡುಭಾಗ. ಅಮೆರಿಕದ ಫ್ಲೋರಿಡಾ ರಾಜ್ಯದ ಟ್ಯಾಂಪಾದಲ್ಲಿ ಬ್ಯಾಂಡ್ ಒಂದರಲ್ಲಿ ಬೇಸ್ ಗಿಟಾರ್ ನುಡಿಸುತ್ತಿದ್ದ ಆಜಾನುಬಾಹು ತರುಣನೊಬ್ಬ ವೃತ್ತಿಪರ ಕುಸ್ತಿ ಕಲಿಯಬೇಕೆಂದು ಹೋದ. ಕಲಿಸುವವನು ಹಿರೋ ಮಾತ್ಸುದಾ ಎಂಬ ಜಪಾನಿ ಪೈಲ್ವಾನ. ಮೊದಲ ದಿನ ಉಸಿರು ಸಿಕ್ಕಿಕೊಳ್ಳುವವರೆಗೂ ಬಸ್ಕಿ, ದಂಡ ಹೊಡೆಸಿ, ಕಾಲು ಸೋತು ನಿಲ್ಲಲಾಗದ ಸ್ಥಿತಿಯಲ್ಲಿ ರಿಂಗಿಗೆ ಇಳಿಸಿ, ಮಾತ್ಸುದಾ ಅವನ ಕಾಲು ಮುರಿದ. ಮೂಳೆ ಕೂಡಿಕೊಂಡ ಮೇಲೆ ತರುಣ ಮತ್ತೆ ಅದೇ ಬಾಗಿಲಿಗೆ ಬಂದು ನಿಂತ. ಅವನೇ ಮುಂದೆ ಹಲ್ಕ್ ಹೋಗನ್ ಎಂದು ಜಗತ್ತಿಗೆಲ್ಲ ಗೊತ್ತಾದವನು. ಈ ಪ್ರಸಂಗವನ್ನು ಆತ ಜೀವಮಾನವಿಡೀ ಹೇಳಿಕೊಂಡ. 2025ರ ಜುಲೈನಲ್ಲಿ ಆತ ತೀರಿಕೊಂಡ ಮೇಲೂ ಅಭಿಮಾನಿಗಳು ಅದನ್ನು ಗುರುವಿನ ಮಹಿಮೆಯಂತೆ, ಶಿಷ್ಯನ ಛಲದ ಸಾಕ್ಷಿಯಂತೆ ಹೇಳುತ್ತಿದ್ದಾರೆ.

ಅದನ್ನು ಮಹಿಮೆ ಎಂದು ಒಪ್ಪಲು ನನ್ನಿಂದ ಆಗುವುದಿಲ್ಲ. ಫಲಿತಾಂಶ ಮೊದಲೇ ಗೊತ್ತಿರುವ, ಎದುರಾಳಿಗೆ ನೋವಾಗದಂತೆ ನೋಡಿಕೊಳ್ಳುವುದೇ ಮುಖ್ಯ ಕೌಶಲವಾದ ಕಲೆಯನ್ನು ಕಲಿಯಲು ಬಂದವನ ಕಾಲನ್ನು ಕಲಿಸುವವನೇ ಮುರಿಯುವುದು ಯಾಕೆ? ಈ ಪ್ರಶ್ನೆಯ ಬೆನ್ನು ಹತ್ತಿದರೆ ವೃತ್ತಿಪರ ಕುಸ್ತಿಯ ಮೊದಲ ದಿನಗಳಿಗೇ ಹೋಗಬೇಕಾಗುತ್ತದೆ. ಅಲ್ಲಿ ಸಿಗುವ ಉತ್ತರ ಇಂದು ಊರೂರಲ್ಲಿ ಹುಟ್ಟಿಕೊಳ್ಳುತ್ತಿರುವ ರೆಸ್ಲಿಂಗ್ ಶಾಲೆಗಳಿಗೂ ಸಂಬಂಧಪಟ್ಟಿದ್ದು.

ತೊಂಬತ್ತರ ದಶಕದಲ್ಲಿ ಕೇಬಲ್ ಟಿವಿ ಬಂದ ಹೊಸತರಲ್ಲಿ ಅಂಡರ್‌ಟೇಕರ್ ಎಂಬ ಪೈಲ್ವಾನನ ಚಿತ್ರವಿದ್ದ ಟ್ರಂಪ್ ಕಾರ್ಡ್‌ಗಳನ್ನು ಜೇಬಿನಲ್ಲಿಟ್ಟುಕೊಂಡು ತಿರುಗಿದ ತಲೆಮಾರು ನಮ್ಮದು. ಇದೆಲ್ಲ ನಿಜವೋ ನಾಟಕವೋ ಎಂಬ ಜಗಳ ಪ್ರತಿ ಸಂಜೆ ಇರುತ್ತಿತ್ತು. ವಯಸ್ಸಿನಲ್ಲಿ ಗರಡಿ ಮನೆಗೆ ಹೋಗಿ ಸಾಮು ಮಾಡಿದ್ದ ನನ್ನ ಸೋದರಮಾವ ಒಮ್ಮೆ ಟಿವಿಯ ಎದುರು ಸುಮ್ಮನೆ ಕೂತು ನೋಡಿ, “ಗೆಲ್ಲುವುದು ಸುಳ್ಳಿರಬಹುದು ಕಣಪ್ಪ, ಬೀಳುವುದು ಸುಳ್ಳಲ್ಲ” ಎಂದರು. ಆ ಮಾತು ಇವತ್ತಿಗೂ ನನಗೆ ಈ ವಿಷಯದ ಬೀಗದ ಕೈ.

ಹತ್ತೊಂಬತ್ತನೇ ಶತಮಾನದ ಕೊನೆಗೆ ಅಮೆರಿಕದಲ್ಲಿ ಜನ ಹಣ ಕೊಟ್ಟು ನೋಡುತ್ತಿದ್ದ ಕುಸ್ತಿಯ ಮೂಲ ಇಂಗ್ಲೆಂಡಿನ ಲ್ಯಾಂಕಾಶೈರ್. ‘ಕ್ಯಾಚ್ ಆ್ಯಸ್ ಕ್ಯಾಚ್ ಕ್ಯಾನ್’ ಎಂದರೆ ಸಿಕ್ಕಲ್ಲಿ ಹಿಡಿ ಎಂದರ್ಥ. ಸೊಂಟದ ಮೇಲೆ ಮಾತ್ರ ಹಿಡಿಯಬೇಕೆಂಬ ಗ್ರೀಕೋ-ರೋಮನ್ ಕಟ್ಟುಪಾಡು ಇದಕ್ಕಿಲ್ಲ. ಎದುರಾಳಿಯ ಎರಡೂ ಭುಜ ನೆಲಕ್ಕೆ ತಾಗಿಸಬಹುದು, ಇಲ್ಲವೇ ಕೀಲು ತಿರುಚಿ ‘ಸಾಕು’ ಅನ್ನಿಸಬಹುದು. ಸಂಚಾರಿ ಕಾರ್ನಿವಲ್‌ಗಳು ಈ ಕುಸ್ತಿಯನ್ನು ಜಾತ್ರೆಯ ಗುಡಾರಕ್ಕೆ ತಂದವು. ‘ನಮ್ಮ ಪೈಲ್ವಾನನ ಎದುರು ಇಷ್ಟು ನಿಮಿಷ ನಿಂತರೆ ಇಷ್ಟು ಡಾಲರ್’ ಎಂದು ಗುಡಾರದ ಬಾಗಿಲಲ್ಲಿ ಕೂಗು. ಊರಿನ ಗಟ್ಟಿ ರೈತ, ಕಮ್ಮಾರ, ಗಣಿ ಕೆಲಸಗಾರ ಮುಂದೆ ಬರುತ್ತಿದ್ದ. ಕಾರ್ನಿವಲ್‌ನವನಿಗೆ ಹಣ ಉಳಿಯಬೇಕಾದರೆ ಅವನ ಪೈಲ್ವಾನನಿಗೆ ಯಾವ ಗಾತ್ರದ ಮನುಷ್ಯನನ್ನಾದರೂ ನಿಮಿಷಗಳಲ್ಲಿ ಮಣಿಸುವ ವಿದ್ಯೆ ಗೊತ್ತಿರಬೇಕು. ಕೀಲು ಕಳಚುವ ಪಟ್ಟುಗಳನ್ನು ಅವರು ‘ಹುಕ್’ ಎಂದರು, ಬಲ್ಲವನು ‘ಹುಕರ್’. ಒಳಒಪ್ಪಂದದ ಆಟ ‘ವರ್ಕ್’, ನಿಜವಾದ ಕಾದಾಟ ‘ಶೂಟ್’, ಗುಟ್ಟನ್ನು ಹೊರಗಿನವರಿಂದ ಕಾಯುವುದು ‘ಕೇಫೇಬ್’. ಈ ವೃತ್ತಿಯವರು ಇಂದಿಗೂ ಆಡುವ ಮಾತುಗಳಲ್ಲಿ ಆ ಗುಡಾರಗಳ ವಾಸನೆ ಇದೆ.

ಅಯೋವಾ ಕಡೆಯ ‘ಫಾರ್ಮರ್’ ಬರ್ನ್ಸ್ ಈ ಕಾಲದ ದೊಡ್ಡ ಗುರು. ಮೈಕಟ್ಟು ಸಾಧಾರಣ, ಆದರೆ ಕುತ್ತಿಗೆಯ ಸುತ್ತಳತೆ 20 ಇಂಚು. ಆ ಕುತ್ತಿಗೆಗೆ ನೇಣಿನ ಕುಣಿಕೆ ಹಾಕಿಸಿಕೊಂಡು ಆರು ಅಡಿ ಕೆಳಕ್ಕೆ ಬಿದ್ದು, ತೂಗಾಡುತ್ತಲೇ ಶಿಳ್ಳೆಯಲ್ಲಿ ಹಾಡು ನುಡಿಸುವುದು ಆತನ ಪ್ರದರ್ಶನವಾಗಿತ್ತು. ಜನ ಬೆರಗಾದದ್ದು ಕುಣಿಕೆಗೆ. ನನಗೆ ಬೆರಗು ಬೇರೆ ಕಡೆ: ಬರ್ನ್ಸ್ ತನ್ನ ವಿದ್ಯೆಯನ್ನು ಮುಚ್ಚಿಡಲಿಲ್ಲ. 1914ರಲ್ಲಿ ಕುಸ್ತಿ ಮತ್ತು ಅಂಗಸಾಧನೆಯ ಪಾಠಗಳನ್ನು ಅಂಚೆಯ ಮೂಲಕ ಯಾರು ಬೇಕಾದರೂ ತರಿಸಿಕೊಳ್ಳುವಂತೆ ಮಾಡಿದ. ಉಸಿರಾಟ, ಕತ್ತಿನ ಬಲ, ತೂಕ ಸರಿದಾಡುವ ಬಗೆ, ಹೀಗೆ ಹಂತ ಹಂತದ ಪಾಠ. ಮೊದಲ ಗುರುಗಳೆಲ್ಲ ಕ್ರೂರಿಗಳಾಗಿದ್ದರು ಎಂಬ ಮಾತಿಗೆ ಬರ್ನ್ಸ್ ಸರಿಯಾದ ಉತ್ತರ.

ಆತನ ಶಿಷ್ಯ ಫ್ರ್ಯಾಂಕ್ ಗಾಚ್. 1908ರ ಏಪ್ರಿಲ್ 3ರಂದು ಷಿಕಾಗೋದಲ್ಲಿ ಆತ, ಈಗಿನ ಎಸ್ಟೋನಿಯಾದಲ್ಲಿ ಹುಟ್ಟಿದ ಜಾರ್ಜ್ ಹ್ಯಾಕನ್‌ಶ್ಮಿಟ್‌ನನ್ನು ಎದುರಿಸಿದಾಗ ಹೆಚ್ಚಿನ ಸಮಯ ಇಬ್ಬರೂ ನಿಂತೇ ಸೆಣಸಿದರು. ಎರಡು ಗಂಟೆಯ ಮೇಲೆ ಹ್ಯಾಕನ್‌ಶ್ಮಿಟ್ ಸೋತೆನೆಂದು ಕೈ ಚೆಲ್ಲಿದ. ಗಾಚ್ ಮೈಗೆ ಎಣ್ಣೆ ಬಳಿದುಕೊಂಡು ಬಂದಿದ್ದನೆಂದು ಆಮೇಲೆ ದೂರಿದ. ಗಾಚ್‌ನ ಪ್ರಸಿದ್ಧ ಪಟ್ಟು ‘ಟೋ ಹೋಲ್ಡ್’. ಹೆಸರು ಕೇಳಿದರೆ ಕಾಲ್ಬೆರಳ ಆಟದಂತಿದೆ. ನೆಲಕ್ಕೆ ಬಿದ್ದವನ ಕಾಲನ್ನು ಮಂಡಿಯಲ್ಲಿ ಮಡಿಸಿ, ತನ್ನ ಮೈಭಾರದಿಂದ ಅವನ ತೊಡೆಯನ್ನು ಅದುಮಿ ಹಿಡಿದು, ಪಾದದ ಮುಂಭಾಗವನ್ನು ಎರಡೂ ಕೈಯಲ್ಲಿ ಹಿಡಿದು ಒಳಕ್ಕೆ ತಿರುಚುವುದು. ಮೊದಲು ಹಿಮ್ಮಡಿಯ ಗಂಟು ಉರಿಯುತ್ತದೆ, ನಂತರ ಮಂಡಿ, ಬಿಡದೆ ಒತ್ತಿದರೆ ಸೊಂಟದ ಕೀಲಿನವರೆಗೂ. ನೋವು ಶುರುವಾದದ್ದಕ್ಕೂ ಸ್ನಾಯು ಹರಿಯುವುದಕ್ಕೂ ನಡುವೆ ಸಿಗುವುದು ಒಂದು ಉಸಿರಿನಷ್ಟು ಹೊತ್ತು. ಅಭ್ಯಾಸದಲ್ಲಿ ಇದನ್ನು ಹಿಡಿಯುವವನಿಗೆ ಎಲ್ಲಿ ನಿಲ್ಲಿಸಬೇಕೆಂಬ ವಿವೇಕ ಬೇಕು. ಆ ವಿವೇಕವೇ ಶಿಕ್ಷಣ, ಅದು ತಪ್ಪಿದರೆ ಹಿಂಸೆ. 1911ರ ಸೆಪ್ಟೆಂಬರ್ 4ರಂದು ಕೋಮಿಸ್ಕಿ ಪಾರ್ಕ್‌ನಲ್ಲಿ ನಡೆದ ಮರುಪಂದ್ಯದ ತಯಾರಿಯಲ್ಲಿ ಹ್ಯಾಕನ್‌ಶ್ಮಿಟ್‌ನ ಮಂಡಿಗೆ ಪೆಟ್ಟಾಗಿತ್ತು. ಸಹಸ್ರಾರು ಜನ ಸೇರಿದ್ದ ಆ ಪಂದ್ಯದಲ್ಲಿ ಆತ ಬೇಗನೆ ಸೋತ. ಅಭ್ಯಾಸದ ಅಂಗಳದ ಪೆಟ್ಟು ಅಖಾಡದ ಫಲಿತಾಂಶ ಬರೆದದ್ದಕ್ಕೆ ಇದು ಹಳೆಯ ಉದಾಹರಣೆ.

ಎರಡು ಪಂದ್ಯಗಳ ನಡುವಿನ ವರ್ಷ, 1910ರಲ್ಲಿ, ನಮ್ಮ ನೆಲದ ಗಾಮಾ ಪೈಲ್ವಾನ ಲಂಡನ್ನಿಗೆ ಹೋಗಿದ್ದ. ಅಮೆರಿಕದ ಬೆಂಜಮಿನ್ ರೋಲರ್‌ನನ್ನು ಸೋಲಿಸಿ, ಸೆಪ್ಟೆಂಬರ್ 10ರಂದು ಪೋಲೆಂಡಿನ ಸ್ಟಾನಿಸ್ಲಾಸ್ ಜಿಬಿಸ್ಕೋ ಎದುರು ನಿಂತ. ಗಾಮಾನ ಕೈಬಲ ಕಂಡ ಜಿಬಿಸ್ಕೋ ನೆಲಕ್ಕೆ ಅಂಟಿಕೊಂಡು ಮಲಗಿದವನು ಎರಡೂವರೆ ಗಂಟೆಗೂ ಹೆಚ್ಚು ಹೊತ್ತು ಏಳಲಿಲ್ಲ. ಪಂದ್ಯ ಸಮವಾಯಿತು. ವಾರದ ನಂತರದ ಮರುಪಂದ್ಯಕ್ಕೆ ಆತ ಬರಲೇ ಇಲ್ಲ. 1928ರಲ್ಲಿ ಪಟಿಯಾಲದಲ್ಲಿ ಇಬ್ಬರೂ ಮತ್ತೆ ಕೂಡಿದಾಗ ಗಾಮಾ ಅವನನ್ನು ಒಂದು ನಿಮಿಷದೊಳಗೆ ಚಿತ್ ಮಾಡಿದ. ಈ ಕಥೆಯನ್ನು ನಾವು ಹೆಮ್ಮೆಯಿಂದ ಹೇಳಿಕೊಳ್ಳುತ್ತೇವೆ, ಹೇಳಿಕೊಳ್ಳಲೇಬೇಕು. ಆದರೆ ಲಂಡನ್ನಿನ ಪಂದ್ಯವನ್ನು ಹಣ ಕೊಟ್ಟು ಬಂದ ಪ್ರೇಕ್ಷಕನ ಕಣ್ಣಿನಿಂದ ನೋಡಿ: ಎರಡೂವರೆ ಗಂಟೆ ಒಬ್ಬ ಮಲಗಿದ್ದಾನೆ, ಇನ್ನೊಬ್ಬ ಎಳೆಯುತ್ತಿದ್ದಾನೆ. 1916ರ ಜುಲೈ 4ರಂದು ಒಮಾಹಾದಲ್ಲಿ ಎಡ್ ‘ಸ್ಟ್ರ್ಯಾಂಗ್ಲರ್’ ಲೂಯಿಸ್ ಮತ್ತು ಜೋ ಸ್ಟೆಚರ್ ನಡುವಿನ ಪಂದ್ಯ ಐದು ಗಂಟೆಯ ಹತ್ತಿರ ಎಳೆದು ಯಾರೂ ಗೆಲ್ಲದೆ ಮುಗಿಯಿತು. ಸಮಬಲರ ನಿಜವಾದ ಕುಸ್ತಿ ಸಾಕಷ್ಟು ಸಲ ಹೀಗೆಯೇ ಇರುತ್ತದೆ. ಬಲ್ಲವರಿಗೆ ರಸ, ಉಳಿದವರಿಗೆ ಆಕಳಿಕೆ.

ಟಿಕೆಟ್ ಮಾರುವವರು ಆಕಳಿಕೆಯನ್ನು ಎಷ್ಟು ದಿನ ಸಹಿಸಿಯಾರು? 1920ರ ದಶಕದಲ್ಲಿ ಲೂಯಿಸ್, ಅವನ ವ್ಯವಸ್ಥಾಪಕ ಬಿಲ್ಲಿ ಸ್ಯಾಂಡೋ ಮತ್ತು ಟೂಟ್ಸ್ ಮಾಂಟ್ ಸೇರಿ ಆಟದ ರೂಪವನ್ನೇ ಬದಲಿಸಿದರು. ಪಂದ್ಯಕ್ಕೆ ಸಮಯದ ಮಿತಿ, ಕಣ್ಣಿಗೆ ಕಾಣುವಂಥ ಎತ್ತಿ ಒಗೆಯುವ ಪಟ್ಟುಗಳು, ಊರಿಂದೂರಿಗೆ ಮುಂದುವರಿಯುವ ವೈರ, ಒಪ್ಪಂದದ ಮೇಲೆ ದುಡಿಯುವ ಪೈಲ್ವಾನರ ತಂಡ. ಬಿಡಿ ಒಳಒಪ್ಪಂದಗಳು ಮೊದಲಿನಿಂದಲೂ ಇದ್ದವು. ನಮ್ಮ ಉತ್ತರದ ಕಡೆ ಅಂಥದ್ದಕ್ಕೆ ‘ನೂರಾ ಕುಸ್ತಿ’ ಎಂಬ ಹೆಸರೇ ಇದೆ. ಈ ಮೂವರು ಅದನ್ನು ಉದ್ಯಮವಾಗಿ ಕಟ್ಟಿದರು. ಅಲ್ಲಿಂದ ಮುಂದೆ ಯಾರು ಗೆಲ್ಲಬೇಕೆಂದು ತೀರ್ಮಾನವಾಗುತ್ತಿದ್ದದ್ದು ಕಚೇರಿಯಲ್ಲಿ.

ಇಲ್ಲೊಂದು ಹೊಸ ಭಯ ಹುಟ್ಟಿತು. 1925ರ ಜನವರಿಯಲ್ಲಿ ಈ ತಂಡ ಅಮೆರಿಕನ್ ಫುಟ್‌ಬಾಲ್ ಆಡುತ್ತಿದ್ದ ವೇಯ್ನ್ ಮನ್ ಎಂಬ ಭಾರೀ ಆಳನ್ನು ಚಾಂಪಿಯನ್ ಮಾಡಿತು. ಆಳು ನೋಡಲು ಭರ್ಜರಿ, ಕುಸ್ತಿಯ ಕಸುಬು ಗೊತ್ತಿಲ್ಲ. ಏಪ್ರಿಲ್ 15ರಂದು ಫಿಲಡೆಲ್ಫಿಯಾದಲ್ಲಿ ಅವನ ಎದುರು ಸೋಲಬೇಕಾಗಿದ್ದವನು, ಗಾಮಾನ ಎದುರು ಮಲಗಿದ್ದ ಅದೇ ಜಿಬಿಸ್ಕೋ, ಆಗ ನಲವತ್ತು ದಾಟಿದವನು. ಎದುರು ಗುಂಪಿನವರೊಡನೆ ಸೇರಿಕೊಂಡಿದ್ದ ಆತ ರಿಂಗಿಗೆ ಇಳಿದು ನಿಜವಾದ ಕುಸ್ತಿಯನ್ನೇ ಆಡಿಬಿಟ್ಟ. ಮನ್‌ನನ್ನು ಮತ್ತೆ ಮತ್ತೆ ನೆಲಕ್ಕೆ ಕೆಡವಿದ. ಒಳಒಪ್ಪಂದ ಮುರಿದಿದೆ ಎಂದು ಕೂಗಲೂ ಆಗದ ಸ್ಥಿತಿ, ಕೂಗಿದರೆ ಒಪ್ಪಂದವಿತ್ತೆಂದು ಒಪ್ಪಿಕೊಂಡಂತೆ. ಪಟ್ಟ ಕೈತಪ್ಪಿತು.

ಆ ಒಂದು ಸಂಜೆಯ ಪಾಠ ಮುಂದಿನ ಅರವತ್ತು ವರ್ಷದ ತರಬೇತಿಯನ್ನು ರೂಪಿಸಿತು ಎಂದು ನನ್ನ ಎಣಿಕೆ. ನಾಟಕವನ್ನು ಕಾಯಲು ನಿಜವಾದ ಕುಸ್ತಿಪಟುಗಳು ಬೇಕಾದರು. ಮೋಸ ಮಾಡಲು ಬಂದವನ ಕೈಕಾಲು ತಿರುಚಿ ಸುಮ್ಮನಾಗಿಸುವ ಇಂಥವರನ್ನು ವೃತ್ತಿಯೊಳಗೆ ‘ಪೊಲೀಸ್‌ಮನ್’ ಎಂದೇ ಕರೆಯುತ್ತಿದ್ದರು. ಕಲಿಯಲು ಬಂದ ಹೊಸಬನನ್ನು ಎದುರುಗೊಳ್ಳುತ್ತಿದ್ದವರೂ ಅದೇ ಜಾತಿಯ ಪೈಲ್ವಾನರು. ಬಂದವನು ನಿಜವಾಗಿ ಕಲಿಯಲು ಬಂದನೋ, ಗುಟ್ಟು ತಿಳಿದುಕೊಂಡು ಪತ್ರಿಕೆಗೆ ಹೇಳಲು ಬಂದನೋ ಗೊತ್ತಿಲ್ಲ. ಹಾಗಾಗಿ ಮೊದಲು ಅವನನ್ನು ‘ಸ್ಟ್ರೆಚ್’ ಮಾಡಬೇಕು, ಅಂದರೆ ಕೀಲು ಕೀಲು ಹಿಡಿದು ಹಿಂಡಬೇಕು. ಓಡಿಹೋದರೆ ಪೀಡೆ ಕಳೆಯಿತು. ಕುಂಟುತ್ತ ಮನೆಗೆ ಹೋಗಿ ‘ಅದು ನಾಟಕವಲ್ಲ, ನನ್ನ ಭುಜ ನೋಡಿ’ ಎಂದು ಊರಿಗೆಲ್ಲ ಹೇಳಿದರೆ ಪುಕ್ಕಟೆ ಪ್ರಚಾರ. ಮರಳಿ ಬಂದರೆ ಅವನು ಇನ್ನು ನಮ್ಮವನು, ಬಾಯಿ ಬಿಡುವುದಿಲ್ಲ. ಆಮೇಲೂ ತಿಂಗಳುಗಟ್ಟಲೆ, ಮೊದಲ ಪಂದ್ಯ ಹತ್ತಿರ ಬರುವವರೆಗೂ, ಒಳಗುಟ್ಟನ್ನು ಹೇಳದ ಗುರುಗಳಿದ್ದರು. ಮುರಿದ ಕಾಲು ಯಾವ ಪಟ್ಟನ್ನೂ ಕಲಿಸಲಿಲ್ಲ. ಅದು ಬಾಗಿಲಿಗೆ ಹಾಕಿದ ಬೀಗವಾಗಿತ್ತು.

ಆ ಬೀಗದ ಅತ್ಯಂತ ಹೆಸರುವಾಸಿ ಮನೆ ಕೆನಡಾದ ಕ್ಯಾಲ್ಗರಿಯಲ್ಲಿತ್ತು. ಸ್ಟೂ ಹಾರ್ಟ್ ತನ್ನ ದೊಡ್ಡ ಮನೆಯ ನೆಲಮಾಳಿಗೆಯಲ್ಲಿ ಮ್ಯಾಟ್ ಹಾಸಿ ಕುಸ್ತಿ ಕಲಿಸುತ್ತಿದ್ದ. ಜನ ಅದನ್ನು ಕರೆದದ್ದು ‘ಡಂಜನ್’ ಎಂದು, ಕತ್ತಲಕೋಣೆ. ಕೆಳಗಿಂದ ಏರಿ ಬರುತ್ತಿದ್ದ ಚೀತ್ಕಾರಗಳನ್ನು ಕೇಳುತ್ತಲೇ ತಾನು ಬೆಳೆದದ್ದನ್ನು ಮಗ ಬ್ರೆಟ್ ಹಾರ್ಟ್ ಹೇಳಿಕೊಂಡಿದ್ದಾರೆ. ಸ್ಟೂ ಕೂಡ ಹದಿಹರೆಯದಲ್ಲಿ ಎಡ್ಮಂಟನ್‌ನಲ್ಲಿ ದೊಡ್ಡವರ ಕೈಗೆ ಸಿಕ್ಕಿ ಹಾಗೆಯೇ ನೊಂದು ಕಲಿತವನು. ತನಗಾದದ್ದನ್ನೇ ಮುಂದಿನವರಿಗೆ ದಾಟಿಸಿದ. ಅತ್ತೆಯ ಕೈಯಲ್ಲಿ ನೊಂದ ಸೊಸೆ ತಾನು ಅತ್ತೆಯಾದಾಗ ಮಾಡುವುದನ್ನು ನಾವು ಮನೆಮನೆಯಲ್ಲಿ ನೋಡಿದ್ದೇವೆ. ಅದನ್ನು ಸಂಪ್ರದಾಯವೆನ್ನುವುದಕ್ಕೆ ನನ್ನ ನಾಲಿಗೆ ಏಳುವುದಿಲ್ಲ.

ಇದಕ್ಕೆ ಎದುರಾಗಿ ಇಂಗ್ಲೆಂಡಿನ ವಿಗನ್ ಪಟ್ಟಣದ ಬಿಲ್ಲಿ ರೈಲಿಯ ಜಿಮ್ ನೋಡಿ. ‘ಸ್ನೇಕ್ ಪಿಟ್’ ಎಂದು ಹೆಸರಾದದ್ದು. ಗಣಿ ಊರಿನ ಒಂದು ಸಾದಾ ಶೆಡ್. ಅಲ್ಲಿಯೂ ಸುಖವೇನಿರಲಿಲ್ಲ, ಕಲಿತ ಪಟ್ಟನ್ನು ಪ್ರತಿರೋಧಿಸುವ ಎದುರಾಳಿಯ ಮೇಲೆ ಸಾಧಿಸಿಯೇ ತೋರಿಸಬೇಕಿತ್ತು. ಆದರೆ ಅಲ್ಲಿ ಕಲಿಸುತ್ತಿದ್ದದ್ದು ನಿಜವಾದ ಕ್ಯಾಚ್ ಕುಸ್ತಿಯನ್ನೇ, ಆದ್ದರಿಂದ ಆ ಕಾಠಿಣ್ಯಕ್ಕೆ ಒಂದು ಅರ್ಥವಿತ್ತು. 1948ರ ಒಲಿಂಪಿಕ್ಸ್‌ನಲ್ಲಿ ಬೆಲ್ಜಿಯಂ ಪರ ಸ್ಪರ್ಧಿಸಿ ಬಂದಿದ್ದ ಕಾರ್ಲ್ ಗಾಚ್ (ಫ್ರ್ಯಾಂಕ್ ಗಾಚ್ ಬೇರೆ, ಈತ ಬೇರೆ) ಅಲ್ಲಿ ಹೊಸದಾಗಿ ಅಕ್ಷರಾಭ್ಯಾಸ ಮಾಡಿದಂತೆ ಕಲಿತ. ಮುಂದೆ ಜಪಾನಿಗೆ ಹೋಗಿ ಆಂಟೋನಿಯೊ ಇನೋಕಿಯಂಥವರಿಗೆ ಕಲಿಸಿ, ‘ಕುಸ್ತಿಯ ದೇವರು’ ಎನ್ನಿಸಿಕೊಂಡ. ಈ ಗಾಚ್ ತನ್ನ ಶಿಷ್ಯರಿಂದ ಮಾಡಿಸುತ್ತಿದ್ದ ವ್ಯಾಯಾಮ ಕೇಳಿದರೆ ನಮ್ಮ ಮೈಸೂರು, ದಾವಣಗೆರೆ, ಬೆಳಗಾವಿಯ ಉಸ್ತಾದರು ನಕ್ಕು ತಲೆಯಾಡಿಸಿಯಾರು: ದಂಡ ಮತ್ತು ಬಸ್ಕಿ. ಪಾಶ್ಚಾತ್ಯರು ಅದನ್ನು ‘ಹಿಂದೂ ಪುಷ್ಅಪ್’, ‘ಹಿಂದೂ ಸ್ಕ್ವಾಟ್’ ಎನ್ನುತ್ತಾರೆ. ಗರಡಿಯ ಸಾಮು ಯುರೋಪಿನ ಪೈಲ್ವಾನರ ಮೂಲಕ ಟೋಕಿಯೊ ಮುಟ್ಟಿತ್ತು. 1972ರಲ್ಲಿ ಮಿನ್ನೆಸೋಟದ ಚಳಿಯಲ್ಲಿ ವರ್ನ್ ಗಾನ್ಯೆಯ ತೋಟದ ಕೊಟ್ಟಿಗೆಯಲ್ಲಿ ತರಬೇತಿ ಪಡೆದ ರಿಕ್ ಫ್ಲೇರ್ ಕೂಡ ನೂರಾರು ಬಸ್ಕಿಗಳ ಆ ದಿನಗಳನ್ನು ನೆನೆಸಿಕೊಂಡಿದ್ದಾರೆ. ತಡೆಯಲಾಗದೆ ಬಿಟ್ಟು ಹೋದ ಅವರನ್ನು ಗಾನ್ಯೆ ಮತ್ತೆ ಎಳೆದು ತಂದಿದ್ದ.

ನಮ್ಮ ಗರಡಿಯಲ್ಲೂ ದಂಡ, ಬಸ್ಕಿಯ ಲೆಕ್ಕ ಕಡಿಮೆಯಲ್ಲ. ಹೊಸ ಹುಡುಗ ಮೊದಲು ಮಣ್ಣು ಅಗೆಯಬೇಕು, ಹಿರಿಯರ ಮೈ ತಿಕ್ಕಬೇಕು, ಉಸ್ತಾದರ ಬೈಗುಳ ತಿನ್ನಬೇಕು. ವ್ಯತ್ಯಾಸ ಇಷ್ಟೇ: ಜರಡಿ ಹಿಡಿದ ಕೆಮ್ಮಣ್ಣಿಗೆ ಎಣ್ಣೆ, ಅರಿಶಿನ, ಮಜ್ಜಿಗೆ ಬೆರೆಸಿ ಮೆದು ಮಾಡಿದ ಮಟ್ಟಿಯಲ್ಲಿ ಅವನು ಬೀಳುತ್ತಾನೆ, ಮತ್ತು ಉಸ್ತಾದರಿಗೆ ಅವನಿಂದ ಮುಚ್ಚಿಡಬೇಕಾದದ್ದು ಏನೂ ಇಲ್ಲ. ದಸರಾ ಕುಸ್ತಿಗೆ ಜೋಡಿ ಕಟ್ಟುವಾಗ ವಯಸ್ಸು, ತೂಕ, ಅನುಭವ ನೋಡುತ್ತಾರೆ. ಗರಡಿಯಲ್ಲಿ ಎಲ್ಲವೂ ಸರಿಯಿತ್ತೆಂದು ನಾನು ಹೇಳುತ್ತಿಲ್ಲ. ಹೆಣ್ಣುಮಕ್ಕಳಿಗೆ ಆ ಬಾಗಿಲು ಬಹುಕಾಲ ಮುಚ್ಚಿಯೇ ಇತ್ತು.

ಅತ್ತ ಅಮೆರಿಕದಲ್ಲಿ ಹೆಣ್ಣುಮಕ್ಕಳಿಗೆ ಬಾಗಿಲು ತೆರೆದಿತ್ತು, ಕೀಲಿಕೈ ಮಾತ್ರ ಹೆಚ್ಚುಕಡಿಮೆ ಒಬ್ಬರ ಕೈಯಲ್ಲಿತ್ತು. ‘ಫ್ಯಾಬುಲಸ್ ಮೂಲಾ’ ಎಂದು ಖ್ಯಾತಳಾದ ಲಿಲಿಯನ್ ಎಲಿಸನ್ ದಕ್ಷಿಣ ಕ್ಯಾರೊಲಿನಾದಲ್ಲಿ ತರಬೇತಿಯನ್ನೂ ಕೊಡುತ್ತಿದ್ದಳು, ಪಂದ್ಯಗಳನ್ನೂ ಗೊತ್ತುಮಾಡುತ್ತಿದ್ದಳು, ಶಿಷ್ಯೆಯರ ಗಳಿಕೆಯಲ್ಲಿ ದೊಡ್ಡ ಪಾಲನ್ನೂ ತೆಗೆದುಕೊಳ್ಳುತ್ತಿದ್ದಳು. ಶೋಷಣೆ ನಡೆಯಿತೆಂದು ಹಲವು ಶಿಷ್ಯೆಯರು ಆಮೇಲೆ ದೂರಿದರು. 2018ರಲ್ಲಿ ವೃತ್ತಿಪರ ಕುಸ್ತಿಯ ಅತಿ ದೊಡ್ಡ ಸಂಸ್ಥೆಯಾದ ಡಬ್ಲ್ಯೂಡಬ್ಲ್ಯೂಇ ಮಹಿಳೆಯರ ಪಂದ್ಯವೊಂದಕ್ಕೆ ಆಕೆಯ ಹೆಸರಿಟ್ಟು, ವಿರೋಧ ಬಂದ ಕೂಡಲೇ ಹಿಂತೆಗೆದುಕೊಂಡಿತು. ಗುಟ್ಟಿರುವ ಕಡೆ ಗುರುವಿನ ಕೈಗೆ ಎಷ್ಟು ಅಧಿಕಾರ ಬರುತ್ತದೆ, ಅದನ್ನು ಪ್ರಶ್ನಿಸಲು ಎಷ್ಟು ದಶಕ ಹಿಡಿಯುತ್ತದೆ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಗುಟ್ಟಿನ ಕೊನೆಯ ದಿನಗಳು ವಿಚಿತ್ರವಾಗಿದ್ದವು. 1984ರ ಡಿಸೆಂಬರಿನಲ್ಲಿ ‘ಇದೆಲ್ಲ ಸುಳ್ಳು ಅನ್ನಿಸುತ್ತದೆ’ ಎಂದ ಟಿವಿ ವರದಿಗಾರ ಜಾನ್ ಸ್ಟಾಸಲ್‌ನ ಕಿವಿಗಳ ಮೇಲೆ ಡೇವಿಡ್ ಶುಲ್ಟ್ಸ್ ಎಂಬ ಪೈಲ್ವಾನ ಎರಡು ಬಾರಿ ಬಾರಿಸಿದ. ಐದೇ ವರ್ಷಕ್ಕೆ, 1989ರಲ್ಲಿ, ಅದೇ ಉದ್ಯಮದ ಅತಿ ದೊಡ್ಡ ಸಂಸ್ಥೆ ನ್ಯೂಜೆರ್ಸಿಯ ಶಾಸಕರ ಮುಂದೆ ತಾನೇ ಹೋಗಿ ಇದು ಮನರಂಜನೆ, ಸ್ಪರ್ಧೆಯಲ್ಲ ಎಂದು ಒಪ್ಪಿಕೊಂಡಿತು. ಸತ್ಯನಿಷ್ಠೆಯಿಂದ ಅಲ್ಲ, ಕ್ರೀಡಾ ಆಯೋಗದ ನಿಯಂತ್ರಣ ಮತ್ತು ತೆರಿಗೆಯಿಂದ ತಪ್ಪಿಸಿಕೊಳ್ಳಲು.

ಅಲ್ಲಿಗೆ ಕಾಯಬೇಕಾದ ಗುಟ್ಟು ಮುಗಿಯಿತು, ಕಾಲು ಮುರಿಯುವ ಕಾರಣವೂ ಮುಗಿಯಬೇಕಿತ್ತು. ಮುಗಿಯಲಿಲ್ಲ. ‘ಹಳಬರು ಹೀಗೆಯೇ ಕಲಿತರು, ನೀನೂ ಅನುಭವಿಸು’ ಎಂಬ ಮಾತು ಉಳಿಯಿತು. ಜೊತೆಗೆ ಇನ್ನೊಂದು ಅಪಾಯ ಸೇರಿಕೊಂಡಿತು. ಕ್ರೀಡೆಯಲ್ಲವೆಂದ ಮೇಲೆ ಕ್ರೀಡಾ ಆಯೋಗದ ವೈದ್ಯ ಬರುವುದಿಲ್ಲ, ರಂಗಭೂಮಿ ಎಂದು ಲೆಕ್ಕಕ್ಕೂ ಬರುವುದಿಲ್ಲ. ಯಾರ ಉಸ್ತುವಾರಿಯೂ ಇಲ್ಲದ ಈ ನಡುಜಾಗದಲ್ಲಿ ಒಂದು ರಿಂಗ್ ಕೊಂಡವರೆಲ್ಲ ಗುರುಗಳಾಗಬಹುದಾಯಿತು. 2001ರಲ್ಲಿ ಕ್ಯಾಲಿಫೋರ್ನಿಯಾದ ಹೇವರ್ಡ್‌ನ ಶಾಲೆಯೊಂದರಲ್ಲಿ, ಮೊದಲೇ ತಲೆಗೆ ಪೆಟ್ಟು ತಿಂದಿದ್ದ ತರುಣನೊಬ್ಬ ಮತ್ತೆ ಅಭ್ಯಾಸಕ್ಕೆ ಇಳಿದು, ಎತ್ತಿ ಒಗೆದಾಗ ಸರಿಯಾಗಿ ಬೀಳಲಾಗದೆ ಸತ್ತ. ಶಾಲೆಯ ಅಜಾಗ್ರತೆಯೇ ಕಾರಣವೆಂದು ನ್ಯಾಯಾಲಯದಲ್ಲಿ ತೀರ್ಮಾನವಾಗಿ, ಕುಟುಂಬಕ್ಕೆ 13 ಲಕ್ಷ ಡಾಲರಿಗೂ ಹೆಚ್ಚು ಪರಿಹಾರ ದೊರೆಯಿತು.

ಬೀಳುವುದು ಎಂದರೇನೆಂದು ಹತ್ತಿರದಿಂದ ನೋಡೋಣ. ಟಿವಿಯಲ್ಲಿ ಮೆತ್ತನೆಯ ಹಾಸಿಗೆಯಂತೆ ಕಾಣುವ ರಿಂಗ್ ವಾಸ್ತವದಲ್ಲಿ ಉಕ್ಕಿನ ಚೌಕಟ್ಟು, ಅದರ ಮೇಲೆ ಮರದ ಹಲಗೆ, ತೆಳು ಫೋಮ್, ಮೇಲೆ ಕ್ಯಾನ್ವಾಸ್. ಹಿಂದಕ್ಕೆ ಬೀಳುವುದಕ್ಕೆ ‘ಬ್ಯಾಕ್ ಬಂಪ್’ ಎನ್ನುತ್ತಾರೆ. ಕುಕ್ಕರಗಾಲಿನಲ್ಲಿ ಕೂತು ಶುರು. ಗಲ್ಲವನ್ನು ಎದೆಗೆ ಒತ್ತಿ ಹಿಡಿಯಬೇಕು, ಇಲ್ಲದಿದ್ದರೆ ತಲೆಯ ಹಿಂಭಾಗ ಚಾಟಿಯ ತುದಿಯಂತೆ ಹಲಗೆಗೆ ಬಡಿಯುತ್ತದೆ. ಬೆನ್ನಿನ ಮೇಲ್ಭಾಗ ಅಗಲವಾಗಿ ತಾಗಬೇಕು. ಅದೇ ಕ್ಷಣಕ್ಕೆ ಎರಡೂ ಅಂಗೈ ನೆಲಕ್ಕೆ ಬಡಿದು ಪೆಟ್ಟನ್ನು ಹಂಚಬೇಕು, ಉಸಿರನ್ನು ಹೊರಗೆ ಬಿಡಬೇಕು. ದಣಿದ ದೇಹ ಮೊದಲು ಮರೆಯುವುದು ಗಲ್ಲವನ್ನು. ಮುನ್ನೂರು ಬಸ್ಕಿ ಹೊಡೆಸಿ ಕುತ್ತಿಗೆ ಸೋತವನನ್ನು ಬೀಳಿಸುವ ಗುರು ಅವನ ಧೈರ್ಯವನ್ನಲ್ಲ, ಮೆದುಳನ್ನು ಪಣಕ್ಕೆ ಇಡುತ್ತಿದ್ದಾನೆ.

2020ರಲ್ಲಿ ಬ್ರಿಟನ್ನಿನ ಹಲವು ಕುಸ್ತಿಪಟುಗಳು, ಅದರಲ್ಲೂ ಮಹಿಳೆಯರು, ತರಬೇತಿ ಶಾಲೆಗಳಲ್ಲಿ ಅನುಭವಿಸಿದ ದೌರ್ಜನ್ಯವನ್ನು ಬಹಿರಂಗವಾಗಿ ಹೇಳಲಾರಂಭಿಸಿದರು. ಮರುವರ್ಷ ಅಲ್ಲಿನ ಸಂಸತ್ತಿನ ಸರ್ವಪಕ್ಷ ಗುಂಪೊಂದು ವರದಿ ಕೊಟ್ಟಿತು. ಅದರ ಒಂದು ಶಿಫಾರಸು ನನಗೆ ಬಹಳ ಮುಖ್ಯವೆನಿಸುತ್ತದೆ: ಪ್ರದರ್ಶನವನ್ನು ರಂಗಕಲೆಯಾಗಿ ನೋಡಿ, ತರಬೇತಿ ಶಾಲೆಯನ್ನು ಕ್ರೀಡೆಯಾಗಿ ನೋಡಿ. ನೂರು ವರ್ಷದ ‘ನಿಜವೋ ನಾಟಕವೋ’ ಜಗಳವನ್ನು ಇದು ಸರಿಯಾದ ಜಾಗದಲ್ಲಿ ಎರಡಾಗಿ ಸೀಳುತ್ತದೆ. ಗೆಲುವು ನಾಟಕದ್ದು, ಬೀಳುವುದು ದೇಹದ್ದು. ನನ್ನ ಮಾವ ಅಂದದ್ದೂ ಅದನ್ನೇ.

ನಮ್ಮ ದೇಶಕ್ಕೂ ಈ ಮಾತು ಬೇಕಾಗಿದೆ. 2015ರಲ್ಲಿ ಗ್ರೇಟ್ ಖಲಿ ಜಲಂಧರದಲ್ಲಿ ತರಬೇತಿ ಕೇಂದ್ರ ತೆರೆದರು. ಅಲ್ಲಿ ಕಲಿತ ಕವಿತಾ ದೇವಿ 2017ರಲ್ಲಿ ಡಬ್ಲ್ಯೂಡಬ್ಲ್ಯೂಇ ರಿಂಗಿಗೆ ಇಳಿದ ಮೊದಲ ಭಾರತೀಯ ಮಹಿಳೆಯಾದರು. ಆ ದಾರಿ ಕಂಡ ಹುಡುಗ ಹುಡುಗಿಯರು ಈಗ ಸಣ್ಣ ಊರುಗಳಿಂದಲೂ ಹೊರಡುತ್ತಿದ್ದಾರೆ. ಭಾರತೀಯ ಕುಸ್ತಿ ಒಕ್ಕೂಟ ನೋಡಿಕೊಳ್ಳುವುದು ಒಲಿಂಪಿಕ್ ಮಾದರಿಯ ಕುಸ್ತಿಯನ್ನು. ಇಂಥ ಶಾಲೆಗಳು ಅದರ ಲೆಕ್ಕದಲ್ಲಿಲ್ಲ. ಹಾಗಾಗಿ ಸದ್ಯಕ್ಕೆ ಕೇಳಬೇಕಾದವರು ಕಲಿಯುವವರು ಮತ್ತು ಅವರ ಮನೆಯವರೇ. ಶುಲ್ಕ ಕಟ್ಟುವ ಮೊದಲು ಒಂದು ಸಂಜೆ ಹೋಗಿ ಕೂತು ನೋಡಬೇಕು. ಮೊದಲ ವಾರ ಏನು ಕಲಿಸುತ್ತಾರೆ, ಬೀಳುವುದನ್ನೋ, ಬೀಳಿಸುವುದನ್ನೋ? ರಿಂಗಿನ ಪಕ್ಕ ಪ್ರಥಮ ಚಿಕಿತ್ಸೆ ಬಲ್ಲವರು ಇದ್ದಾರೆಯೇ? ಹುಡುಗಿಯರಿಗೆ ದೂರು ಹೇಳಲು ಗುರುವಿನ ಹೊರತು ಬೇರೆ ಯಾರಾದರೂ ಇದ್ದಾರೆಯೇ? ತಲೆಗೆ ಪೆಟ್ಟು ಬಿದ್ದವನನ್ನು ರಿಂಗಿನಿಂದ ಇಳಿಸಿ, ವೈದ್ಯರು ಹೇಳುವವರೆಗೆ ಹತ್ತಿಸುವುದಿಲ್ಲ ಎನ್ನುವ ಅಧಿಕಾರ ಯಾರ ಕೈಯಲ್ಲಿದೆ, ಆ ಮನುಷ್ಯ ಆ ಸಂಜೆ ಅಲ್ಲಿದ್ದಾನೆಯೇ? ಹೇವರ್ಡ್‌ನ ಆ ಶಾಲೆಯಲ್ಲಿ ಅಂಥ ಒಬ್ಬ ಇರಬೇಕಿತ್ತು.